ಪಿಸಿ ಗೇಮ್ ಫೈಲುಗಳನ್ನು ಕ್ಲೌಡ್ ಸಿಂಕ್‌ನಿಂದ ಹೊರಗಿಡುವುದು ಹೇಗೆ?

“ಒನ್‌ಡ್ರೈವ್ ತುಂಬಿದೆ ಅಂತ ದಿನಾ ಮೆಸೇಜ್ ಬರ್ತಿದೆ. ಒಳಗೆ ನೋಡಿದ್ರೆ ಬರೀ ಗೇಮ್ ಫೈಲುಗಳು. ಡಿಲೀಟ್ ಮಾಡ್ಲಾ?”

ಓದುಗರು ಮತ್ತೆ ಮತ್ತೆ ಕೇಳುವ ಪ್ರಶ್ನೆ ಇದು. ಕೇಳುವ ರೀತಿ ಬೇರೆ ಬೇರೆ ಇರುತ್ತದೆ. ಒಬ್ಬರಿಗೆ ಜಾಗ ಸಾಲುತ್ತಿಲ್ಲ. ಇನ್ನೊಬ್ಬರಿಗೆ ಸೇವ್, ಅಂದರೆ ಆಟದಲ್ಲಿ ಎಲ್ಲಿಯವರೆಗೆ ಬಂದಿದ್ದೇವೆ ಅಂತ ಬರೆದಿಡುವ ಫೈಲ್, ಕಾಣೆಯಾಗಿದೆ. ಮತ್ತೊಬ್ಬರ ಆಟ ಸೇವ್ ಆಗುವಾಗಲೆಲ್ಲ ಒಂದು ಕ್ಷಣ ತಡೆದು ನಿಲ್ಲುತ್ತದೆ. ಬೇರು ಮಾತ್ರ ಬಹುಪಾಲು ಒಂದೇ. ಅದಕ್ಕೇ ಒಮ್ಮೆ ಕೂತು ಪೂರ್ತಿ ಬರೆದುಬಿಡೋಣ ಅಂದುಕೊಂಡೆ.

ಮೊದಲು ಆ ಪ್ರಶ್ನೆಗೆ ಉತ್ತರ: ಈಗಲೇ ಡಿಲೀಟ್ ಮಾಡಬೇಡಿ. ಸಿಂಕ್ ಆಗುವ ಫೋಲ್ಡರನ್ನು ಕ್ಲೌಡ್‌ನಲ್ಲಿ ಅಳಿಸಿದರೆ ನಿಮ್ಮ ಕಂಪ್ಯೂಟರಿನಲ್ಲೂ ಅಳಿಸಿಹೋಗುತ್ತದೆ. ಡಿಲೀಟ್ ಮಾಡುವುದು ಈ ಕೆಲಸದ ಕಟ್ಟಕಡೆಯ ಹಂತ. ಅದಕ್ಕೂ ಮೊದಲು ಐದು ಹಂತಗಳಿವೆ. ಅವನ್ನು ಹೇಳಿದ ಕ್ರಮದಲ್ಲೇ ಮಾಡಬೇಕು. ಸೇವ್ ಕಳೆದುಕೊಂಡೆವು ಅಂತ ನನಗೆ ಬರೆದವರಲ್ಲಿ ಹೆಚ್ಚಿನವರು ಹಂತ ಬಿಟ್ಟವರಲ್ಲ, ಹಿಂದುಮುಂದು ಮಾಡಿದವರು.

ಇಲ್ಲಿ ಜಾಸ್ತಿ ಮಾತು ಒನ್‌ಡ್ರೈವ್ ಬಗ್ಗೆಯೇ ಇರುತ್ತದೆ. ಅದು ಮೈಕ್ರೋಸಾಫ್ಟ್‌ನ ಕ್ಲೌಡ್ ಸೇವೆ, ಅಂದರೆ ನಿಮ್ಮ ಫೈಲುಗಳನ್ನು ನೆಟ್ ಮೂಲಕ ಕಂಪನಿಯ ಕಂಪ್ಯೂಟರುಗಳಲ್ಲಿ ಇಡುವಂಥದ್ದು. ವಿಂಡೋಸ್ ಜೊತೆಗೇ ಬರುತ್ತದೆ, ಎಷ್ಟೋ ಜನರಿಗೆ ಗೊತ್ತಾಗುವ ಮುಂಚೆಯೇ ಕೆಲಸ ಶುರುಮಾಡಿರುತ್ತದೆ. ಗೂಗಲ್ ಡ್ರೈವ್, ಡ್ರಾಪ್‌ಬಾಕ್ಸ್ ವಿಷಯ ಕೊನೆಯ ಕಡೆ ಇದೆ.

ನಡೆಯುತ್ತಿರುವುದೇನು?

ಬ್ಯಾಕಪ್, ಸಿಂಕ್ ಎರಡೂ ಒಂದೇ ಅಂತ ತುಂಬ ಜನ ಅಂದುಕೊಂಡಿದ್ದಾರೆ. ಬ್ಯಾಕಪ್ ಅಂದರೆ ಒಂದು ಪ್ರತಿ ತೆಗೆದು ಬೇರೆ ಕಡೆ ಎತ್ತಿಡುವುದು. ಮೂಲ ಫೈಲ್ ಹೋದರೂ ಪ್ರತಿ ಇರುತ್ತದೆ. ಸಿಂಕ್ ಅಂದರೆ ಎರಡು ಕಡೆಯೂ ಸದಾ ಒಂದೇ ಥರ ಇರುವಂತೆ ನೋಡಿಕೊಳ್ಳುವುದು. ಇಲ್ಲಿ ಬದಲಾದರೆ ಅಲ್ಲೂ ಬದಲು, ಇಲ್ಲಿ ಅಳಿಸಿದರೆ ಅಲ್ಲೂ ಅಳಿಸುತ್ತದೆ. ಒನ್‌ಡ್ರೈವ್‌ನ ಬಟನ್ ಮೇಲೆ ‘ಬ್ಯಾಕಪ್’ ಅಂತ ಬರೆದಿರುತ್ತದೆ, ಆದರೆ ಒಳಗೆ ನಡೆಯುವುದು ಸಿಂಕ್. ಗೊಂದಲ ಶುರುವಾಗುವುದೇ ಇಲ್ಲಿಂದ.

ವಿಂಡೋಸ್ 10 ಅಥವಾ 11ರಲ್ಲಿ ಮೈಕ್ರೋಸಾಫ್ಟ್ ಖಾತೆಯಿಂದ ಲಾಗಿನ್ ಆಗಿದ್ದರೆ, ಡೆಸ್ಕ್‌ಟಾಪ್, ಡಾಕ್ಯುಮೆಂಟ್ಸ್, ಪಿಕ್ಚರ್ಸ್ ಫೋಲ್ಡರುಗಳು ಒನ್‌ಡ್ರೈವ್ ಒಳಗೆ ಹೋಗಿರುವ ಸಾಧ್ಯತೆ ಹೆಚ್ಚು. ‘ನೆಕ್ಸ್ಟ್, ನೆಕ್ಸ್ಟ್’ ಒತ್ತುವಾಗ ನಾವೇ ಒಪ್ಪಿಗೆ ಕೊಟ್ಟಿರುತ್ತೇವೆ. ಆಮೇಲೆ ಆ ಫೋಲ್ಡರುಗಳ ವಿಳಾಸವೇ ಬದಲಾಗುತ್ತದೆ. ನಿಮ್ಮ ಹೆಸರಿನ ಫೋಲ್ಡರಿನಲ್ಲಿ ನೇರವಾಗಿ ಇದ್ದ ಡಾಕ್ಯುಮೆಂಟ್ಸ್ ಈಗ ಒನ್‌ಡ್ರೈವ್ ಫೋಲ್ಡರಿನ ಒಳಗಿರುತ್ತದೆ.

ಪಾಪ, ಗೇಮ್‌ಗೆ ಇದ್ಯಾವುದೂ ಗೊತ್ತಿಲ್ಲ. ಅದು “ಡಾಕ್ಯುಮೆಂಟ್ಸ್ ಎಲ್ಲಿದೆ?” ಅಂತ ವಿಂಡೋಸನ್ನು ಕೇಳುತ್ತದೆ. ವಿಂಡೋಸ್ ಹೊಸ ವಿಳಾಸ ಕೊಡುತ್ತದೆ. ಗೇಮ್ ಅಲ್ಲೇ ಸೇವ್ ಬರೆಯುತ್ತಾ ಹೋಗುತ್ತದೆ.

ಇದರಿಂದ ಆಗುವ ತೊಂದರೆ ನಾಲ್ಕು ಥರದ್ದು.

ಜಾಗದ ತೊಂದರೆ ಎಲ್ಲರಿಗೂ ಗೊತ್ತು. ಒನ್‌ಡ್ರೈವ್ ಉಚಿತವಾಗಿ ಕೊಡುವುದು 5 ಜಿಬಿ. ಸಿಮ್ಸ್ 4 ಆಡುವವರ ಮಾಡ್ಸ್ ಫೋಲ್ಡರ್ ಒಂದೇ ಅದನ್ನು ನುಂಗಿಬಿಡಬಲ್ಲದು. ಮಾಡ್ ಅಂದರೆ ಆಟಕ್ಕೆ ಆಟಗಾರರೇ ಮಾಡಿ ಸೇರಿಸುವ ಹೆಚ್ಚುವರಿ ಬಟ್ಟೆ, ಪೀಠೋಪಕರಣ, ನಿಯಮ, ಇತ್ಯಾದಿ.

ಎರಡನೆಯದು, ಬರೆಯುತ್ತಿರುವ ಫೈಲಿಗೆ ಸಿಂಕ್ ಕೈ ಹಾಕುವುದು. ಆಟೋಸೇವ್ ಇರುವ ಆಟ ಕೆಲವೇ ನಿಮಿಷಗಳಿಗೊಮ್ಮೆ ಅದೇ ಫೈಲನ್ನು ಬದಲಾಯಿಸುತ್ತದೆ. ಸಿಂಕ್ ಪ್ರೋಗ್ರಾಂ ಪ್ರತಿ ಸಲವೂ “ಏನೋ ಬದಲಾಯ್ತು” ಅಂತ ಓಡಿ ಬರುತ್ತದೆ. ಇಬ್ಬರೂ ಒಂದೇ ಫೈಲನ್ನು ಒಟ್ಟಿಗೆ ಹಿಡಿದರೆ ಆಟ ತಡವರಿಸಬಹುದು, ಇಲ್ಲವೇ ಸೇವ್ ಆಗಲಿಲ್ಲ ಅನ್ನಬಹುದು.

ಮೂರನೆಯದು ಎರಡು ಕಂಪ್ಯೂಟರ್ ಇರುವವರಿಗೆ. ಸ್ಕೈರಿಮ್ ಸ್ಪೆಷಲ್ ಎಡಿಷನ್ ಎಂಬ ಆಟ ತನ್ನ ಸೆಟ್ಟಿಂಗ್ಸ್ ಫೈಲುಗಳನ್ನು ಡಾಕ್ಯುಮೆಂಟ್ಸ್‌ನ ‘ಮೈ ಗೇಮ್ಸ್’ ಫೋಲ್ಡರಿನಲ್ಲಿ ಇಡುತ್ತದೆ. ಪರದೆಯ ಅಗಲ, ಎತ್ತರ ಎಷ್ಟು ಅಂತ ಅದರಲ್ಲೇ ಬರೆದಿರುತ್ತದೆ. ಡೆಸ್ಕ್‌ಟಾಪಿನಲ್ಲಿ 2560 ಮತ್ತು 1440 ಅಂತ ಇಟ್ಟು ಆಡಿ ಮುಗಿಸುತ್ತೀರಿ. ಫೈಲ್ ಕ್ಲೌಡ್ ಮೂಲಕ ಲ್ಯಾಪ್‌ಟಾಪಿಗೆ ಇಳಿಯುತ್ತದೆ. 1920 ಮತ್ತು 1080ರ ಲ್ಯಾಪ್‌ಟಾಪ್ ಪರದೆಯಲ್ಲಿ ಆಟ ತೆರೆದರೆ ಎಲ್ಲಾ ಅಡ್ಡಾದಿಡ್ಡಿ. ಅಲ್ಲಿ ಸರಿ ಮಾಡಿದರೆ ಡೆಸ್ಕ್‌ಟಾಪಿನಲ್ಲಿ ಕೆಡುತ್ತದೆ. ಗ್ರಾಫಿಕ್ಸ್ ಕಾರ್ಡ್ ಹಾಳಾಗಿದೆ ಅಂತ ಹೆದರಿದವರೂ ಇದ್ದಾರೆ!

ನಾಲ್ಕನೆಯದೇ ನಿಜವಾಗಿ ಅಪಾಯದ್ದು. ಒನ್‌ಡ್ರೈವ್‌ಗೆ ‘ಫೈಲ್ಸ್ ಆನ್ ಡಿಮ್ಯಾಂಡ್’ ಎಂಬ ಸೌಲಭ್ಯ ಇದೆ. ಫೈಲಿನ ಹೆಸರು ಮಾತ್ರ ನಿಮ್ಮ ಕಂಪ್ಯೂಟರಿನಲ್ಲಿ ಕಾಣುತ್ತದೆ, ಒಳಗಿನ ಸರಕು ಕ್ಲೌಡ್‌ನಲ್ಲಿರುತ್ತದೆ, ತೆರೆದಾಗ ಇಳಿಯುತ್ತದೆ. ಫೋಟೋಗಳಿಗೆ ಇದು ಬಹಳ ಚೆನ್ನ. ಗೇಮ್‌ಗೆ ಅಲ್ಲ. ನೆಟ್ ಇಲ್ಲದ ಹೊತ್ತಿನಲ್ಲಿ ಆಟ ತೆರೆದರೆ ಸೇವ್ ಓದಲು ಆಗುವುದಿಲ್ಲ. ಕೆಲವು ಆಟಗಳು ತಪ್ಪು ತೋರಿಸಿ ನಿಲ್ಲುತ್ತವೆ. ಕೆಲವು “ಓ, ಹೊಸಬರು” ಅಂದುಕೊಂಡು ಮೊದಲಿನಿಂದ ಶುರುಮಾಡುತ್ತವೆ, ಆಮೇಲೆ ಅದೇ ಹೆಸರಿನ ಫೈಲಿನ ಮೇಲೆ ಹೊಸ ಸೇವ್ ಬರೆಯುತ್ತವೆ.

ನಿಮ್ಮ ಗೇಮ್ ಇದರಲ್ಲಿ ಸಿಕ್ಕಿಕೊಂಡಿದೆಯಾ?

ಎಲ್ಲಾ ಗೇಮ್‌ಗೂ ಈ ತೊಂದರೆ ಇಲ್ಲ. ಗೇಮ್ ತನ್ನ ಫೈಲುಗಳನ್ನು ಎಲ್ಲಿಡುತ್ತದೆ ಎಂಬುದರ ಮೇಲೆ ಹೋಗುತ್ತದೆ.

ಇನ್‌ಸ್ಟಾಲ್ ಆದ ಗೇಮ್, ಅಂದರೆ ಹತ್ತಾರು ಜಿಬಿ ತೂಗುವ ಮುಖ್ಯ ಭಾಗ, ಸಾಮಾನ್ಯವಾಗಿ ಸುರಕ್ಷಿತ. ಗೇಮ್ ಕೊಂಡು ಆಡಲು ಬಳಸುವ ಸ್ಟೀಮ್ ಎಂಬ ಪ್ರೋಗ್ರಾಂ ಅದನ್ನು ಪ್ರೋಗ್ರಾಂ ಫೈಲ್ಸ್ ಒಳಗೆ ತನ್ನದೇ ಫೋಲ್ಡರಿನಲ್ಲಿ ಇಡುತ್ತದೆ. ಒನ್‌ಡ್ರೈವ್ ಅಲ್ಲಿಗೆ ಹೋಗುವುದಿಲ್ಲ. ನೀವೇ ಡೆಸ್ಕ್‌ಟಾಪ್ ಮೇಲೋ ಡಾಕ್ಯುಮೆಂಟ್ಸ್ ಒಳಗೋ ಫೋಲ್ಡರ್ ಮಾಡಿ ಅಲ್ಲಿ ಗೇಮ್ ಬಿಚ್ಚಿಟ್ಟಿದ್ದರೆ ಮಾತು ಬೇರೆ. ಜಿಪ್ ರೂಪದಲ್ಲಿ ಬರುವ ಇಂಡಿ ಗೇಮ್‌ಗಳನ್ನು (ಸಣ್ಣ ತಂಡಗಳು ಸ್ವತಂತ್ರವಾಗಿ ಮಾಡಿದ ಸಣ್ಣ ಆಟಗಳು) ಡೆಸ್ಕ್‌ಟಾಪ್ ಮೇಲೇ ಇಟ್ಟು ಆಡುವ ಅಭ್ಯಾಸ ತುಂಬ ಜನರಿಗಿದೆ. ಅವನ್ನು ಮೊದಲು ಬೇರೆ ಕಡೆಗೆ ಸಾಗಿಸಿ.

ಸೇವ್ ಫೈಲುಗಳದ್ದೇ ತಲೆನೋವು. ಸ್ಕೈರಿಮ್, ಫಾಲ್‌ಔಟ್ 4, ವಿಚರ್ 3, ಸಿಮ್ಸ್ 4, ಸ್ಟೆಲ್ಲಾರಿಸ್ ಇವೆಲ್ಲ ಡಾಕ್ಯುಮೆಂಟ್ಸ್ ಒಳಗೆ ಇಡುತ್ತವೆ. ಅಂದರೆ ಸಿಕ್ಕಿಕೊಂಡಿವೆ. ಸೈಬರ್‌ಪಂಕ್ 2077 ‘ಸೇವ್ಡ್ ಗೇಮ್ಸ್’ ಎಂಬ ಬೇರೆ ಫೋಲ್ಡರ್ ಬಳಸುತ್ತದೆ. ಸ್ಟಾರ್‌ಡ್ಯೂ ವ್ಯಾಲಿ, ಎಲ್ಡನ್ ರಿಂಗ್, ಮೈನ್‌ಕ್ರಾಫ್ಟ್ ಜಾವಾ ಎಡಿಷನ್ ‘ಆಪ್‌ಡೇಟಾ’ ಎಂಬ ಅಡಗಿದ ಫೋಲ್ಡರ್ ಬಳಸುತ್ತವೆ. ಈ ಎರಡು ಜಾಗಗಳನ್ನು ಒನ್‌ಡ್ರೈವ್‌ನ ಬ್ಯಾಕಪ್ ಮುಟ್ಟುವುದಿಲ್ಲ. ಹಾಗಾಗಿ ಇವುಗಳ ಬಗ್ಗೆ ತಲೆ ಕೆಡಿಸಿಕೊಳ್ಳಬೇಡಿ.

ನಿಮ್ಮ ಗೇಮ್ ಎಲ್ಲಿ ಸೇವ್ ಮಾಡುತ್ತದೆ ಅಂತ ಗೊತ್ತಿಲ್ಲವಾ? ಪಿಸಿ ಗೇಮಿಂಗ್ ವಿಕಿ ಎಂಬ ತಾಣದಲ್ಲಿ ಗೇಮ್ ಹೆಸರು ಹುಡುಕಿ. ಪ್ರತಿ ಗೇಮ್‌ನ ಪುಟದಲ್ಲೂ ಸೇವ್ ಎಲ್ಲಿ, ಸೆಟ್ಟಿಂಗ್ಸ್ ಎಲ್ಲಿ ಅಂತ ಬೇರೆ ಬೇರೆಯಾಗಿ ಕೊಟ್ಟಿರುತ್ತಾರೆ.

ಶುರುಮಾಡುವ ಮುನ್ನ ಬೇಕಾಗುವುದು

ಒಂದು ಗಂಟೆ ಬಿಡುವು. ಸರಿಯಾದ ನೆಟ್. ಗೇಮ್ ಫೋಲ್ಡರುಗಳ ಎರಡರಷ್ಟು ಖಾಲಿ ಜಾಗ, ಯಾಕೆಂದರೆ ಸ್ವಲ್ಪ ಹೊತ್ತು ಎಲ್ಲವೂ ಎರಡೆರಡು ಪ್ರತಿ ಇರುತ್ತವೆ. ಪೆನ್ ಡ್ರೈವ್ ಅಥವಾ ಹೊರಗಿನ ಹಾರ್ಡ್ ಡಿಸ್ಕ್ ಇದ್ದರೆ ಇನ್ನೂ ಒಳ್ಳೆಯದು. ಮೈಕ್ರೋಸಾಫ್ಟ್ ಖಾತೆಯ ಪಾಸ್‌ವರ್ಡ್ ನೆನಪಿರಲಿ, ಕೊನೆಯಲ್ಲಿ ಬ್ರೌಸರ್‌ನಿಂದ ಲಾಗಿನ್ ಆಗಬೇಕು.

ಆಫೀಸಿನವರು ಕೊಟ್ಟ ಲ್ಯಾಪ್‌ಟಾಪ್ ಆಗಿದ್ದರೆ ಇಲ್ಲೇ ನಿಲ್ಲಿಸಿ. ಅದರಲ್ಲಿ ಈ ಸೆಟ್ಟಿಂಗ್‌ಗಳನ್ನು ಕಂಪನಿಯೇ ಬೀಗ ಹಾಕಿ ಇಟ್ಟಿರಬಹುದು. ಗೇಮ್ ಆಡಲು ಅದು ಜಾಗವೂ ಅಲ್ಲ, ಅಲ್ವಾ?

ಹಂತ 1: ಡಾಕ್ಯುಮೆಂಟ್ಸ್ ಎಲ್ಲಿದೆ ಅಂತ ನೋಡಿ

ಫೈಲ್ ಎಕ್ಸ್‌ಪ್ಲೋರರ್ ತೆರೆದು ಎಡಗಡೆ ಇರುವ ಡಾಕ್ಯುಮೆಂಟ್ಸ್ ಮೇಲೆ ರೈಟ್ ಕ್ಲಿಕ್ ಮಾಡಿ, ‘ಪ್ರಾಪರ್ಟೀಸ್’ಗೆ ಹೋಗಿ. ‘ಲೊಕೇಶನ್’ ಅನ್ನುವಲ್ಲಿ ಪೂರ್ತಿ ವಿಳಾಸ ಕಾಣುತ್ತದೆ. ಅದರಲ್ಲಿ ಒನ್‌ಡ್ರೈವ್ ಎಂಬ ಪದ ಇದ್ದರೆ ಈ ಲೇಖನ ನಿಮಗೇ. ಇಲ್ಲದಿದ್ದರೆ ನಿಮ್ಮ ತೊಂದರೆಗೆ ಕಾರಣ ಬೇರೆ.

ಆಮೇಲೆ ಡಾಕ್ಯುಮೆಂಟ್ಸ್ ಒಳಗೆ ಹೋಗಿ ಪ್ರತಿ ಫೋಲ್ಡರಿನ ಪಕ್ಕದ ಗುರುತು ನೋಡಿ. ನೀಲಿ ಗೆರೆಯ ಮೋಡ ಇದ್ದರೆ ಸರಕು ಕ್ಲೌಡ್‌ನಲ್ಲಿ ಮಾತ್ರ ಇದೆ. ಬಿಳಿ ವೃತ್ತದಲ್ಲಿ ಹಸಿರು ಟಿಕ್ ಇದ್ದರೆ ಸದ್ಯ ನಿಮ್ಮಲ್ಲೂ ಇದೆ, ಆದರೆ ಜಾಗ ಬೇಕಾದಾಗ ಹೋಗಬಹುದು. ತುಂಬಿದ ಹಸಿರು ವೃತ್ತದಲ್ಲಿ ಬಿಳಿ ಟಿಕ್ ಇದ್ದರೆ ಖಾಯಂ ಆಗಿ ನಿಮ್ಮ ಕಂಪ್ಯೂಟರಿನಲ್ಲೇ ಇರುತ್ತದೆ. ನಮಗೆ ಬೇಕಾದದ್ದು ಈ ಮೂರನೆಯದು.

ಲೊಕೇಶನ್ ಟ್ಯಾಬಿನಲ್ಲಿ ‘ರಿಸ್ಟೋರ್ ಡಿಫಾಲ್ಟ್’ ಎಂಬ ಬಟನ್ ಕಣ್ಣಿಗೆ ಬೀಳುತ್ತದೆ. ಒತ್ತಬೇಕು ಅಂತ ಕೈ ತುರಿಸುತ್ತದೆ. ಬೇಡ. ಒನ್‌ಡ್ರೈವ್‌ನ ಬ್ಯಾಕಪ್ ಚಾಲೂ ಇರುವಾಗ ಈ ದಾರಿಯಿಂದ ಫೋಲ್ಡರ್ ಎಳೆಯಲು ಹೋದರೆ ಗೋಜಲಾಗುತ್ತದೆ. ಬಿಡಿಸಿಕೊಳ್ಳುವ ಕೆಲಸ ಒನ್‌ಡ್ರೈವ್‌ನ ಒಳಗಿನಿಂದಲೇ ಆಗಬೇಕು.

ಹಂತ 2: ಎಲ್ಲವನ್ನೂ ಕೆಳಗೆ ಇಳಿಸಿಕೊಳ್ಳಿ

ಗೇಮ್‌ಗಳನ್ನೂ ಲಾಂಚರುಗಳನ್ನೂ ಮುಚ್ಚಿ. ಲಾಂಚರ್ ಅಂದರೆ ಸ್ಟೀಮ್, ಎಪಿಕ್, ಗಾಗ್ ಗ್ಯಾಲಕ್ಸಿ ಥರದ, ಗೇಮ್ ತೆರೆಯುವ ಪ್ರೋಗ್ರಾಂಗಳು. ಕಿಟಕಿ ಮುಚ್ಚಿದರೆ ಸಾಲದು, ಗಡಿಯಾರದ ಪಕ್ಕದ ಸಣ್ಣ ಗುರುತಿನಿಂದ ಪೂರ್ತಿ ‘ಎಕ್ಸಿಟ್’ ಮಾಡಿ.

ಈಗ ಡಾಕ್ಯುಮೆಂಟ್ಸ್ ಒಳಗಿನ ಪ್ರತಿ ಗೇಮ್ ಫೋಲ್ಡರಿನ ಮೇಲೆ ರೈಟ್ ಕ್ಲಿಕ್ ಮಾಡಿ ‘ಆಲ್‌ವೇಸ್ ಕೀಪ್ ಆನ್ ದಿಸ್ ಡಿವೈಸ್’ ಆರಿಸಿ. ಇಳಿಯಲು ಸಮಯ ಹಿಡಿಯುತ್ತದೆ. ತುಂಬಿದ ಹಸಿರು ವೃತ್ತ ಬರುವವರೆಗೆ ಕಾಯಿರಿ.

ನಿಜವಾಗಿ ಇಳಿದಿದೆಯಾ ಅಂತ ಖಚಿತ ಮಾಡಿಕೊಳ್ಳಲು ಒಂದು ಸುಲಭ ದಾರಿ ಇದೆ. ಫೋಲ್ಡರಿನ ಪ್ರಾಪರ್ಟೀಸ್ ತೆರೆಯಿರಿ. ಅಲ್ಲಿ ‘ಸೈಜ್’ ಮತ್ತು ‘ಸೈಜ್ ಆನ್ ಡಿಸ್ಕ್’ ಅಂತ ಎರಡು ಸಾಲು ಇರುತ್ತವೆ. ಮೊದಲನೆಯದು ಫೈಲುಗಳ ತೂಕ, ಎರಡನೆಯದು ನಿಮ್ಮ ಡಿಸ್ಕಿನಲ್ಲಿ ಅವು ಹಿಡಿದಿರುವ ಜಾಗ. ಎರಡೂ ಹೆಚ್ಚುಕಮ್ಮಿ ಒಂದೇ ಇರಬೇಕು. ಸೈಜ್ 3 ಜಿಬಿ, ಸೈಜ್ ಆನ್ ಡಿಸ್ಕ್ ಸೊನ್ನೆ ಅಂತ ಇದ್ದರೆ ನಿಮ್ಮ ಹತ್ತಿರ ಇರುವುದು ಬರೀ ಹೆಸರುಗಳು. ನನಗೆ ಬಣ್ಣದ ಗುರುತಿಗಿಂತ ಈ ಎರಡು ಸಾಲುಗಳ ಮೇಲೇ ನಂಬಿಕೆ ಜಾಸ್ತಿ.

ಹಂತ 3: ಒಂದು ಪ್ರತಿ ಹೊರಗೆ ತೆಗೆದಿಡಿ

ಸಿಂಕ್‌ಗೆ ಸಂಬಂಧವೇ ಇಲ್ಲದ ಜಾಗದಲ್ಲಿ, ಉದಾಹರಣೆಗೆ ಡಿ ಡ್ರೈವ್‌ನಲ್ಲೋ ಪೆನ್ ಡ್ರೈವ್‌ನಲ್ಲೋ, ಹೊಸ ಫೋಲ್ಡರ್ ಮಾಡಿ. ಗೇಮ್ ಫೋಲ್ಡರುಗಳನ್ನು ಅಲ್ಲಿಗೆ ಕಾಪಿ ಮಾಡಿ. ಕಟ್ ಮಾಡಬೇಡಿ. ಕಟ್ ಮಾಡಿದರೆ ಒನ್‌ಡ್ರೈವ್ ಅದನ್ನು ‘ಅಳಿಸಿದರು’ ಅಂತಲೇ ಓದುತ್ತದೆ, ಕ್ಲೌಡ್‌ನಲ್ಲೂ ತೆಗೆಯುತ್ತದೆ. ಕಾಪಿ ಅರ್ಧಕ್ಕೆ ನಿಂತರೆ ಫಜೀತಿ.

ಮುಗಿದ ಮೇಲೆ ಎರಡೂ ಕಡೆಯ ಫೋಲ್ಡರಿನ ಪ್ರಾಪರ್ಟೀಸ್ ತೆರೆದು ಫೈಲುಗಳ ಸಂಖ್ಯೆ ಹೋಲಿಸಿ. ಒಂದೇ ಇದ್ದರೆ ಮುಂದೆ ಹೋಗಿ. ಇಲ್ಲಿಂದ ಮುಂದೆ ಏನು ತಪ್ಪಾದರೂ ಈ ಪ್ರತಿ ಕೈಹಿಡಿಯುತ್ತದೆ. ಎಲ್ಲಾ ಮುಗಿದು ಒಂದೆರಡು ವಾರ ಆಡುವವರೆಗೆ ಇದನ್ನು ಅಳಿಸಬೇಡಿ.

ಹಂತ 4: ಡಾಕ್ಯುಮೆಂಟ್ಸ್ ಬ್ಯಾಕಪ್ ನಿಲ್ಲಿಸಿ

ಗಡಿಯಾರದ ಪಕ್ಕ ಇರುವ ಒನ್‌ಡ್ರೈವ್ ಮೋಡದ ಮೇಲೆ ಕ್ಲಿಕ್ ಮಾಡಿ. ಗೇರ್ ಗುರುತು ಒತ್ತಿ ‘ಸೆಟ್ಟಿಂಗ್ಸ್’, ಆಮೇಲೆ ‘ಸಿಂಕ್ ಆ್ಯಂಡ್ ಬ್ಯಾಕಪ್’, ಆಮೇಲೆ ‘ಮ್ಯಾನೇಜ್ ಬ್ಯಾಕಪ್’. ಫೋಲ್ಡರುಗಳ ಪಟ್ಟಿ ಬರುತ್ತದೆ. ಡಾಕ್ಯುಮೆಂಟ್ಸ್ ಎದುರಿನ ಸ್ವಿಚ್ ಆಫ್ ಮಾಡಿ. ನಿಜವಾಗಲೂ ನಿಲ್ಲಿಸಬೇಕಾ ಅಂತ ಕೇಳುತ್ತದೆ, ‘ಸ್ಟಾಪ್ ಬ್ಯಾಕಪ್’ ಒತ್ತಿ. ಫೈಲುಗಳು ಎಲ್ಲಿರಬೇಕು ಅಂತ ನಿಮ್ಮ ಆವೃತ್ತಿ ಕೇಳಿದರೆ ನಿಮ್ಮ ಪಿಸಿಯಲ್ಲಿ ಎಂಬ ಆಯ್ಕೆ ತೆಗೆದುಕೊಳ್ಳಿ.

ಆ ಪ್ರಶ್ನೆ ಬರದಿದ್ದರೆ ಗಾಬರಿಯಾಗುವ ಗಳಿಗೆ ಒಂದಿದೆ. ಡಾಕ್ಯುಮೆಂಟ್ಸ್ ತೆರೆದು ನೋಡುತ್ತೀರಿ, ಖಾಲಿ! ನಿಮ್ಮ ಫೈಲುಗಳು ಎಲ್ಲಿವೆ ಎಂದು ತೋರಿಸುವ ಒಂದು ಶಾರ್ಟ್‌ಕಟ್ ಬಿಟ್ಟರೆ ಬೇರೇನೂ ಇಲ್ಲ. ಏನೂ ಹೋಗಿಲ್ಲ. ಈಗ ನಿಮ್ಮ ಕಂಪ್ಯೂಟರಿನಲ್ಲಿ ಡಾಕ್ಯುಮೆಂಟ್ಸ್ ಎಂಬ ಫೋಲ್ಡರ್ ಎರಡಿವೆ. ಹಳೆಯದು ಒನ್‌ಡ್ರೈವ್ ಒಳಗೆ ಎಲ್ಲಾ ಫೈಲುಗಳ ಸಮೇತ ಹಾಗೇ ಇದೆ. ಹೊಸದು ಸಿಂಕ್‌ನ ಹೊರಗೆ, ಖಾಲಿಯಾಗಿ ಇದೆ. ಎರಡರ ಹೆಸರೂ ಒಂದೇ ಆದ್ದರಿಂದ ಯಾವುದರಲ್ಲಿದ್ದೀರಿ ಅಂತ ಮೇಲಿನ ವಿಳಾಸ ನೋಡಿಯೇ ತಿಳಿಯಬೇಕು.

ಈ ಹೊತ್ತಿನಲ್ಲಿ ಗೇಮ್ ತೆರೆಯಬೇಡಿ. ಇಷ್ಟು ಒತ್ತಿ ಹೇಳಲು ಕಾರಣ ಇದೆ. ಈಗ ಗೇಮ್ ತೆರೆದರೆ ಅದಕ್ಕೆ ಕಾಣುವುದು ಖಾಲಿ ಡಾಕ್ಯುಮೆಂಟ್ಸ್. ಅದು ಹೊಸ ಫೋಲ್ಡರ್, ಹೊಸ ಸೆಟ್ಟಿಂಗ್ಸ್ ಮಾಡಿಕೊಳ್ಳುತ್ತದೆ. ಆಮೇಲೆ ಹಳೆಯದನ್ನು ತಂದು ಹಾಕುವಾಗ ಎರಡೂ ಬೆರೆತು ಯಾವುದು ಯಾವುದೋ ತಿಳಿಯದ ಹಾಗೆ ಆಗುತ್ತದೆ.

ಹಂತ 5: ಗೇಮ್ ಫೋಲ್ಡರುಗಳನ್ನು ಹೊಸ ಜಾಗಕ್ಕೆ ತನ್ನಿ, ಆಡಿ ನೋಡಿ

ಒನ್‌ಡ್ರೈವ್ ಒಳಗಿನ ಹಳೆಯ ಡಾಕ್ಯುಮೆಂಟ್ಸ್‌ನಿಂದ ಗೇಮ್ ಫೋಲ್ಡರುಗಳನ್ನು ಹೊಸ ಡಾಕ್ಯುಮೆಂಟ್ಸ್‌ಗೆ ಕಾಪಿ ಮಾಡಿ. ಹಂತ 4ರಲ್ಲೇ ಫೈಲುಗಳು ಪಿಸಿಗೆ ಬಂದಿದ್ದರೆ ಇದು ಬೇಕಿಲ್ಲ. ಫೋಲ್ಡರಿನ ಹೆಸರು, ಒಳಗಿನ ಜೋಡಣೆ ಒಂದಿಷ್ಟೂ ಬದಲಾಗಬಾರದು. ಮೈ ಗೇಮ್ಸ್ ಒಳಗೆ ಇನ್ನೊಂದು ಮೈ ಗೇಮ್ಸ್ ಕೂತುಬಿಟ್ಟರೆ ಗೇಮ್‌ಗೆ ಏನೂ ಕಾಣುವುದಿಲ್ಲ. ಇದು ತೀರಾ ಸಾಮಾನ್ಯ ತಪ್ಪು, ಒಂದು ಸಲ ಒಳಗೆ ಹೋಗಿ ನೋಡಿ.

ಈಗ ಒಂದೊಂದೇ ಗೇಮ್ ತೆರೆಯಿರಿ. ಮೆನು ಬಂದ ತಕ್ಷಣ ಮುಚ್ಚಬೇಡಿ. ಹಳೆಯ ಸೇವ್ ಲೋಡ್ ಮಾಡಿ, ಒಂದು ಹೊಸ ಸೇವ್ ಮಾಡಿ, ಹೊರಗೆ ಬಂದು ಆ ಫೈಲ್ ಹೊಸ ಡಾಕ್ಯುಮೆಂಟ್ಸ್‌ನಲ್ಲೇ ಹುಟ್ಟಿದೆಯಾ ಅಂತ ಸಮಯ ನೋಡಿ ಖಚಿತ ಮಾಡಿಕೊಳ್ಳಿ.

ಇಲ್ಲಿ ಸ್ಟೀಮ್ ಒಂದು ಪ್ರಶ್ನೆ ಕೇಳಬಹುದು: ಕ್ಲೌಡ್‌ನಲ್ಲಿರುವ ಸೇವ್ ಬೇರೆ, ಈ ಕಂಪ್ಯೂಟರಿನಲ್ಲಿರುವುದು ಬೇರೆ, ಯಾವುದನ್ನು ಇಟ್ಟುಕೊಳ್ಳಲಿ? ಇದು ಸ್ಟೀಮ್‌ನ ಸ್ವಂತ ಕ್ಲೌಡ್, ಒನ್‌ಡ್ರೈವ್‌ಗೂ ಇದಕ್ಕೂ ಸಂಬಂಧ ಇಲ್ಲ. ಎರಡರ ಪಕ್ಕವೂ ದಿನಾಂಕ, ಸಮಯ ಇರುತ್ತದೆ. ನೀವು ಕೊನೆಯ ಸಲ ಆಡಿದ್ದು ಯಾವಾಗ ಅಂತ ನೆನಪು ಮಾಡಿಕೊಂಡು ಅದಕ್ಕೆ ಹೊಂದುವುದನ್ನು ಆರಿಸಿ. ಸುಮ್ನೆ ಮೇಲಿನದನ್ನು ಒತ್ತಬೇಡಿ.

ಹಂತ 6: ಈಗ ಅಳಿಸಿ

ಎಲ್ಲಾ ಗೇಮ್‌ಗಳೂ ಹೊಸ ಜಾಗದಿಂದ ಓಡುತ್ತಿವೆ ಅಂತಾದ ಮೇಲೆ ಬ್ರೌಸರ್‌ನಲ್ಲಿ ಒನ್‌ಡ್ರೈವ್ ತೆರೆದು ಡಾಕ್ಯುಮೆಂಟ್ಸ್ ಒಳಗೆ ಉಳಿದಿರುವ ಗೇಮ್ ಫೋಲ್ಡರುಗಳನ್ನು ಅಳಿಸಿ. ಈಗ ಕಂಪ್ಯೂಟರಿನಲ್ಲಿ ಹೋಗುವುದು ಒನ್‌ಡ್ರೈವ್ ಫೋಲ್ಡರಿನೊಳಗಿನ ಹಳೆಯ ಪ್ರತಿ ಮಾತ್ರ. ಸ್ವಂತ ಖಾತೆಯಾದರೆ ಅಳಿಸಿದ್ದು ಒನ್‌ಡ್ರೈವ್‌ನ ರೀಸೈಕಲ್ ಬಿನ್‌ನಲ್ಲಿ 30 ದಿನ ಇರುತ್ತದೆ.

ಎರಡನೇ ಕಂಪ್ಯೂಟರ್ ಇದ್ದರೆ ತಡೆಯಿರಿ. ಅದೂ ಇದೇ ಖಾತೆಯಲ್ಲಿದ್ದು ಅಲ್ಲಿನ ಗೇಮ್‌ಗಳೂ ಇದೇ ಫೋಲ್ಡರಿನಲ್ಲಿದ್ದರೆ, ಮೊದಲು ಅಲ್ಲೂ ಹಂತ 1ರಿಂದ 5ರವರೆಗೆ ಮುಗಿಸಿ. ಇಲ್ಲದಿದ್ದರೆ ಇಲ್ಲಿ ಅಳಿಸಿದ್ದು ಅಲ್ಲಿಯ ಆಟಕ್ಕೆ ಕೊಡಲಿ ಪೆಟ್ಟು.

ಹಾಗಾದರೆ ನನ್ನ ಬೇರೆ ಫೈಲುಗಳ ಗತಿ?

ಡಾಕ್ಯುಮೆಂಟ್ಸ್ ಬ್ಯಾಕಪ್ ನಿಲ್ಲಿಸಿದ್ದರಿಂದ ನಿಮ್ಮ ಕಾಗದಪತ್ರಗಳಿಗೂ ರಕ್ಷಣೆ ಹೋಯಿತಲ್ಲ ಅಂತ ಕೇಳಬಹುದು. ಸರಿಯಾದ ಪ್ರಶ್ನೆ. ಒನ್‌ಡ್ರೈವ್ ಫೋಲ್ಡರಿನ ಒಳಗೆ ನಿಮ್ಮದೇ ಒಂದು ಫೋಲ್ಡರ್ ಮಾಡಿ. ಮುಖ್ಯವಾದ ಫೈಲುಗಳನ್ನೆಲ್ಲ ಅದರಲ್ಲಿಡಿ. ಅದು ಮೊದಲಿನಂತೆಯೇ ಸಿಂಕ್ ಆಗುತ್ತದೆ. ಎಲ್ಲಿ ಸೇವ್ ಮಾಡಬೇಕು ಅಂತ ಬಹುಪಾಲು ಗೇಮ್‌ಗಳಿಗೆ ನಾವು ಹೇಳಿಕೊಡಲು ಆಗುವುದಿಲ್ಲ, ನಮ್ಮ ಕಾಗದಗಳನ್ನು ಎಲ್ಲಿಡಬೇಕು ಅನ್ನುವುದು ನಮ್ಮ ಕೈಯಲ್ಲೇ ಇದೆ. ಹಾಗಾಗಿ ಜಾಗ ಬದಲಿಸಬೇಕಾದದ್ದು ಕಾಗದಗಳು ಅನ್ನುವುದು ನನ್ನ ಲೆಕ್ಕ.

ಇದರ ಬದಲು ಬೇರೆ ಎರಡು ಉಪಾಯಗಳನ್ನು ಜನ ಪ್ರಯತ್ನಿಸುತ್ತಾರೆ. ಎರಡೂ ಬೇಡ ಅಂತಲೇ ನಾನು ಹೇಳುವುದು.

ಮೊದಲನೆಯದು ‘ಚೂಸ್ ಫೋಲ್ಡರ್ಸ್’. ಒನ್‌ಡ್ರೈವ್ ಸೆಟ್ಟಿಂಗ್ಸ್‌ನಲ್ಲಿ ಫೋಲ್ಡರುಗಳ ಪಟ್ಟಿ ಕೊಟ್ಟು ಪಕ್ಕದಲ್ಲಿ ಟಿಕ್ ಇಟ್ಟಿರುತ್ತಾರೆ. ಗೇಮ್ ಫೋಲ್ಡರಿನ ಟಿಕ್ ತೆಗೆದರೆ ಅದನ್ನು ಅಪ್‌ಲೋಡ್ ಮಾಡುವುದು ನಿಲ್ಲುತ್ತದೆ ಅಂತ ಅನಿಸುತ್ತದೆ. ಆಗುವುದು ತಿರುಗುಮುರುಗು. ಟಿಕ್ ತೆಗೆದರೆ ಆ ಫೋಲ್ಡರ್ ಕ್ಲೌಡ್‌ನಲ್ಲಿ ಉಳಿದು ನಿಮ್ಮ ಕಂಪ್ಯೂಟರಿನಿಂದ ಮಾಯವಾಗುತ್ತದೆ! ಇದು ‘ಈ ಪಿಸಿಗೆ ಬೇಡ’ ಎನ್ನುವ ಟಿಕ್, ‘ಕ್ಲೌಡ್‌ಗೆ ಬೇಡ’ ಎನ್ನುವುದಲ್ಲ. ನಾನೂ ಒಮ್ಮೆ ಒಂದು ಸಿಂಕ್ ಸೇವೆಯಲ್ಲಿ ಹೀಗೇ ಟಿಕ್ ತೆಗೆದು, ಎದುರಿಗಿದ್ದ ಫೋಲ್ಡರ್ ಕಣ್ಣಮುಂದೆಯೇ ಖಾಲಿಯಾಗುವುದನ್ನು ನೋಡಿ ಬೆವತಿದ್ದೇನೆ.

ಎರಡನೆಯದು ‘ಜಂಕ್ಷನ್’. ಜಂಕ್ಷನ್ ಅಂದರೆ ಒಂದು ಫೋಲ್ಡರಿನ ಹೆಸರಿನಲ್ಲಿ ನಿಂತು, ನಿಜವಾದ ಸರಕನ್ನು ಬೇರೆ ಕಡೆಯಿಂದ ತೋರಿಸುವ ಕೊಂಡಿ. ಫೈಲುಗಳನ್ನು ಡಿ ಡ್ರೈವ್‌ನಲ್ಲಿಟ್ಟು ಡಾಕ್ಯುಮೆಂಟ್ಸ್ ಒಳಗೆ ಕೊಂಡಿ ಹಾಕಿದರೆ ಒನ್‌ಡ್ರೈವ್‌ಗೆ ಗೊತ್ತಾಗುವುದಿಲ್ಲ ಎಂಬ ನಂಬಿಕೆ. ಆದರೆ ಒನ್‌ಡ್ರೈವ್ ಆ ಕೊಂಡಿಯ ಹಿಂದೆ ಹೋಗಿ ಅಲ್ಲಿರುವುದನ್ನೂ ಅಪ್‌ಲೋಡ್ ಮಾಡಿದ ಉದಾಹರಣೆಗಳಿವೆ. ಎಷ್ಟೋ ಜನ ಹೊರಗಿನ ಫೋಲ್ಡರನ್ನು ಸಿಂಕ್ ಮಾಡಿಸಲೆಂದೇ ಈ ಉಪಾಯ ಬಳಸುತ್ತಿದ್ದರು. ನಮ್ಮ ಕೆಲಸಕ್ಕೆ ಇದು ಭರವಸೆಯ ದಾರಿಯಲ್ಲ.

ಗೂಗಲ್ ಡ್ರೈವ್, ಡ್ರಾಪ್‌ಬಾಕ್ಸ್ ಇದ್ದರೆ

ಗೂಗಲ್ ಡ್ರೈವ್‌ನ ಕಂಪ್ಯೂಟರ್ ಆವೃತ್ತಿ ನೀವು ಸೇರಿಸಿದ ಫೋಲ್ಡರುಗಳನ್ನು ಮಾತ್ರ ನೋಡುತ್ತದೆ. ಪೂರ್ತಿ ಡಾಕ್ಯುಮೆಂಟ್ಸನ್ನೇ ಸೇರಿಸಿದ್ದರೆ ‘ಪ್ರಿಫರೆನ್ಸಸ್’ಗೆ ಹೋಗಿ ಅದನ್ನು ತೆಗೆದು, ಒಳಗಿನ ಬೇಕಾದ ಫೋಲ್ಡರುಗಳನ್ನು ಒಂದೊಂದಾಗಿ ಸೇರಿಸಿ. ಇಲ್ಲಿ ಡಾಕ್ಯುಮೆಂಟ್ಸ್ ತನ್ನ ಜಾಗದಲ್ಲೇ ಇರುವುದರಿಂದ ಕೆಲಸ ಸುಲಭ. ಗೂಗಲ್ ಉಚಿತವಾಗಿ ಕೊಡುವ 15 ಜಿಬಿಯಲ್ಲಿ ಜಿಮೇಲ್, ಗೂಗಲ್ ಫೋಟೋಸ್ ಕೂಡ ಪಾಲುದಾರರು. ಗೇಮ್ ಫೈಲುಗಳಿಂದ ಅದು ತುಂಬಿದರೆ ಮೇಲ್ ಬರುವುದೂ ನಿಲ್ಲುತ್ತದೆ.

ಡ್ರಾಪ್‌ಬಾಕ್ಸ್‌ನ ಉಚಿತ ಖಾತೆಯಲ್ಲಿ ಸಿಗುವುದು 2 ಜಿಬಿ. ಅದರ ‘ಸೆಲೆಕ್ಟಿವ್ ಸಿಂಕ್’ ಕೂಡ ಮೇಲೆ ಹೇಳಿದ ಟಿಕ್‌ನ ಥರದ್ದೇ, ಎಚ್ಚರ. ಆದರೆ ಅದರಲ್ಲಿ ‘ಇಗ್ನೋರ್’ ಎಂಬ ಇನ್ನೊಂದು ಸೌಲಭ್ಯ ಇದೆ. ಒಂದು ಫೋಲ್ಡರಿಗೆ ಆ ಗುರುತು ಹಾಕಿದರೆ ಅದು ನಿಮ್ಮ ಕಂಪ್ಯೂಟರಿನಲ್ಲಿ ಇದ್ದ ಜಾಗದಲ್ಲೇ ಇರುತ್ತದೆ, ಕ್ಲೌಡ್‌ಗೆ ಹೋಗುವುದಿಲ್ಲ. ನಮಗೆ ಬೇಕಾದದ್ದು ಇದೇ. ಗುರುತು ಹಾಕಲು ಪವರ್‌ಶೆಲ್‌ನಲ್ಲಿ (ವಿಂಡೋಸ್‌ಗೆ ಆಜ್ಞೆಗಳನ್ನು ಟೈಪ್ ಮಾಡಿ ಕೊಡುವ ಪ್ರೋಗ್ರಾಂ) ಒಂದು ಆಜ್ಞೆ ಬರೆಯಬೇಕು, ಅದು ಡ್ರಾಪ್‌ಬಾಕ್ಸ್‌ನ ಸಹಾಯ ಪುಟದಲ್ಲಿದೆ. ನೆನಪಿಡಿ, ಗುರುತು ಹಾಕಿದ ಕೂಡಲೇ ಆ ಫೋಲ್ಡರ್ ಕ್ಲೌಡ್‌ನಿಂದ, ನಿಮ್ಮ ಬೇರೆ ಕಂಪ್ಯೂಟರುಗಳಿಂದ ಅಳಿಸಿಹೋಗುತ್ತದೆ. ಪ್ರತಿ ತೆಗೆದಿಟ್ಟೇ ಕೈ ಹಾಕಿ.

ಸೇವ್ ಫೈಲಿಗೆ ಬ್ಯಾಕಪ್ ಬೇಡವೇ?

ಬೇಕೇಬೇಕು. ಬೇಡ ಅಂದದ್ದು ಆಡುವಾಗಲೇ ಕೈ ಹಾಕುವ ಸಿಂಕ್ ಅನ್ನು.

ಸ್ಟೀಮ್ ಕ್ಲೌಡ್ ಇರುವ ಗೇಮ್‌ಗೆ ಅದನ್ನೇ ಬಿಡಿ. ಅದು ಗೇಮ್ ತೆರೆಯುವ ಮುನ್ನ ಇಳಿಸಿ, ಮುಚ್ಚಿದ ಮೇಲೆ ಏರಿಸುತ್ತದೆ. ಲೈಬ್ರರಿಯಲ್ಲಿ ಗೇಮ್ ಮೇಲೆ ರೈಟ್ ಕ್ಲಿಕ್ ಮಾಡಿ ‘ಪ್ರಾಪರ್ಟೀಸ್’ ತೆರೆದರೆ ಸ್ಟೀಮ್ ಕ್ಲೌಡ್ ಆನ್ ಆಗಿದೆಯಾ ಅಂತ ಗೊತ್ತಾಗುತ್ತದೆ. ಎಲ್ಲಾ ಗೇಮ್‌ಗೂ ಈ ಸೌಲಭ್ಯ ಇರುವುದಿಲ್ಲ. ಇದ್ದರೂ ಏನೇನು ಏರಿಸಬೇಕು ಅಂತ ತೀರ್ಮಾನಿಸುವುದು ಗೇಮ್ ಮಾಡಿದವರು. ಮಾಡ್‌ಗಳೂ ಅದರಲ್ಲಿ ಇರುತ್ತವೆ ಅಂತ ನಂಬಿ ಕೂರಬೇಡಿ.

ಉಳಿದ ಗೇಮ್‌ಗಳಿಗೆ ಲುಡುಸಾವಿ ಎಂಬ ಉಚಿತ ಪ್ರೋಗ್ರಾಂ ಇದೆ. ಪಿಸಿ ಗೇಮಿಂಗ್ ವಿಕಿಯ ಮಾಹಿತಿ ಬಳಸಿ ನಿಮ್ಮ ಕಂಪ್ಯೂಟರಿನಲ್ಲಿರುವ ಸೇವ್‌ಗಳನ್ನು ತಾನೇ ಹುಡುಕಿ ಒಂದೆಡೆ ಪ್ರತಿ ಇಡುತ್ತದೆ. ಪ್ರೋಗ್ರಾಂ ಬೇಡ ಅಂದರೆ ವಾರಕ್ಕೊಮ್ಮೆ ಸೇವ್ ಫೋಲ್ಡರನ್ನು ಜಿಪ್ ಮಾಡಿ, ಆ ಜಿಪ್ಪನ್ನು ಒನ್‌ಡ್ರೈವ್‌ಗೆ ಹಾಕಿ. ಹೌದು, ಒನ್‌ಡ್ರೈವ್‌ಗೇ! ಜಿಪ್ ಫೈಲನ್ನು ಯಾವ ಗೇಮೂ ತೆರೆದು ಹಿಡಿದುಕೊಳ್ಳುವುದಿಲ್ಲ, ಹಾಗಾಗಿ ಸಿಂಕ್‌ನ ಜೊತೆ ಜಗಳವೂ ಇಲ್ಲ.

ಇನ್ನೂ ಕೆಲವು ಚಿಲ್ಲರೆ ವಿಷಯಗಳು

ವಿಂಡೋಸ್‌ನ ಗೇಮ್ ಬಾರ್‌ನಿಂದ ತೆಗೆದ ವಿಡಿಯೋಗಳು ವಿಡಿಯೋಸ್ ಫೋಲ್ಡರಿನ ‘ಕ್ಯಾಪ್ಚರ್ಸ್’ ಒಳಗೆ ಹೋಗುತ್ತವೆ. ಮ್ಯಾನೇಜ್ ಬ್ಯಾಕಪ್ ಪಟ್ಟಿಯಲ್ಲಿ ವಿಡಿಯೋಸ್ ಕೂಡ ಇದ್ದರೆ ಅದರ ಸ್ವಿಚ್ಚನ್ನೂ ನೋಡಿ. ಹತ್ತು ನಿಮಿಷದ ಆಟದ ವಿಡಿಯೋ ಸೇವ್ ಫೈಲುಗಳನ್ನೆಲ್ಲ ಒಟ್ಟು ಹಾಕಿದ್ದಕ್ಕಿಂತ ದೊಡ್ಡದಿರಬಹುದು.

ಕಾರಣವೇನೇ ಇರಲಿ, ಡಾಕ್ಯುಮೆಂಟ್ಸ್ ಸಿಂಕ್ ಬಿಡಲು ಆಗುವುದಿಲ್ಲ ಅನ್ನುವವರು ಹಂತ 2ರ ಕೆಲಸವನ್ನಾದರೂ ಮಾಡಿ. ಗೇಮ್ ಫೋಲ್ಡರುಗಳು ಖಾಯಂ ಆಗಿ ನಿಮ್ಮಲ್ಲೇ ಇರುತ್ತವೆ. ಆಡಲು ಕೂರುವ ಮುನ್ನ ಒನ್‌ಡ್ರೈವ್‌ನ ಗೇರ್ ಮೆನುವಿನಿಂದ ‘ಪಾಝ್ ಸಿಂಕಿಂಗ್’ (Pause syncing) ಆರಿಸಿ. ಅದು 2, 8 ಅಥವಾ 24 ಗಂಟೆ ಸುಮ್ಮನಿರುತ್ತದೆ.

ಕೊನೆಯದಾಗಿ, ಇದನ್ನು ಓದುವ ಹೊತ್ತಿಗೇ ಸೇವ್ ಹೋಗಿಬಿಟ್ಟಿದ್ದರೆ: ಗೇಮ್ ತೆರೆಯಬೇಡಿ. ಬ್ರೌಸರ್‌ನಲ್ಲಿ ಒನ್‌ಡ್ರೈವ್‌ಗೆ ಹೋಗಿ ಮೊದಲು ರೀಸೈಕಲ್ ಬಿನ್ ನೋಡಿ. ಅಲ್ಲಿ ಇಲ್ಲದಿದ್ದರೆ, ಸೇವ್ ಫೈಲ್ ಇದ್ದು ಒಳಗಿನದು ಮಾತ್ರ ಹಾಳಾಗಿದ್ದರೆ, ಆ ಫೈಲಿನ ಮೇಲೆ ರೈಟ್ ಕ್ಲಿಕ್ ಮಾಡಿ ‘ವರ್ಷನ್ ಹಿಸ್ಟರಿ’ ತೆರೆಯಿರಿ. ಅದೇ ಫೈಲಿನ ಹಳೆಯ ಪ್ರತಿಗಳು ದಿನಾಂಕದ ಸಮೇತ ಅಲ್ಲಿರುತ್ತವೆ. ಸರಿಯಾದದ್ದನ್ನು ಡೌನ್‌ಲೋಡ್ ಮಾಡಿ ಸಿಂಕ್‌ನ ಹೊರಗಿನ ಫೋಲ್ಡರಿನಲ್ಲಿಡಿ. ಆಮೇಲೆ ಹಂತ 1ರಿಂದ ಶುರುಮಾಡಿ.